ಹಿಂದಕ್ಕೆ ಕರೆತರುವ ಲಿವರ್

ಆ ಯಂತ್ರಕ್ಕೆ ಎರಡು ಲಿವರ್‌ಗಳಿದ್ದವು. ಒಂದನ್ನು ಒತ್ತಿದರೆ ಭವಿಷ್ಯಕ್ಕೆ, ಇನ್ನೊಂದನ್ನು ಒತ್ತಿದರೆ ವಾಪಸ್. ನಿಕ್ಕಲ್, ದಂತ, ಸ್ಫಟಿಕದ ತುಂಡುಗಳಿಂದ ಮಾಡಿದ ಅದರಲ್ಲಿ ಕೂರಲು ಒಂದು ಸೀಟೂ ಇತ್ತು. ಇಂಗ್ಲೆಂಡಿನ ಎಚ್. ಜಿ. ವೆಲ್ಸ್ 1895ರಲ್ಲಿ ಪ್ರಕಟಿಸಿದ ‘ದಿ ಟೈಮ್ ಮೆಷಿನ್’ ಕಾದಂಬರಿಯ ಯಂತ್ರ ಇದು. ಅದನ್ನು ಏರಿದವನು ಹೋಗಿ ಇಳಿದದ್ದು 802701ನೇ ಇಸವಿಗೆ.

ಕಟ್ಟುಕಥೆಯ ಯಂತ್ರದ ಬಗ್ಗೆ ವಿಜ್ಞಾನ ಹೇಳುವುದೇನಿದೆ ಅಂತ ಅನಿಸಬಹುದು. ಆದರೆ ಆ ಎರಡು ಲಿವರ್‌ಗಳನ್ನು ಬೇರೆ ಬೇರೆ ಮಾಡಿ ನೋಡಿ. ಮೊದಲನೆಯದು ನಿಸರ್ಗದಲ್ಲಿ ನಿಜಕ್ಕೂ ಇದೆ.

ಕಾದಂಬರಿ ಬಂದ 10 ವರ್ಷಕ್ಕೆ, 1905ರಲ್ಲಿ, ಐನ್‌ಸ್ಟೈನ್ ಒಂದು ವಿಚಿತ್ರ ಸತ್ಯವನ್ನು ತೋರಿಸಿಕೊಟ್ಟರು. ವೇಗವಾಗಿ ಸಾಗುತ್ತಿರುವ ಗಡಿಯಾರ, ನಿಂತು ನೋಡುವವರ ಲೆಕ್ಕದಲ್ಲಿ, ನಿಧಾನವಾಗಿ ನಡೆಯುತ್ತದೆ. ಗಡಿಯಾರದ ಜೊತೆಗೆ ಪ್ರಯಾಣಿಕನ ಎದೆಬಡಿತವೂ, ಅವನ ಕೂದಲು ನರೆಯುವುದೂ ಅಷ್ಟೇ ನಿಧಾನವಾಗುತ್ತವೆ. ನಮ್ಮ ದಿನನಿತ್ಯದ ವೇಗಗಳಲ್ಲಿ ಈ ವ್ಯತ್ಯಾಸ ಗೊತ್ತೇ ಆಗುವುದಿಲ್ಲ. ಬೆಳಕಿನ ವೇಗದ ಹತ್ತಿರ ಹೋದರೆ ಮಾತ್ರ ಕಣ್ಣಿಗೆ ಹೊಡೆಯುತ್ತದೆ.

ಅಂಥ ವೇಗದ ಪ್ರಯಾಣಿಕರು ನಮ್ಮ ತಲೆಯ ಮೇಲೇ ಹುಟ್ಟುತ್ತಿರುತ್ತಾರೆ. ಬಾಹ್ಯಾಕಾಶದಿಂದ ಬರುವ ಕಣಗಳು ವಾತಾವರಣಕ್ಕೆ ಬಡಿದಾಗ, ಸುಮಾರು 15 ಕಿಲೋಮೀಟರ್ ಎತ್ತರದಲ್ಲಿ ಮ್ಯೂಯಾನ್ ಎಂಬ ಪುಟ್ಟ ಕಣಗಳು ಹುಟ್ಟುತ್ತವೆ. ಅವುಗಳ ಸರಾಸರಿ ಆಯಸ್ಸು 2.2 ಮೈಕ್ರೋಸೆಕೆಂಡ್. ಒಂದು ಸೆಕೆಂಡನ್ನು 10 ಲಕ್ಷ ಚೂರು ಮಾಡಿದರೆ, ಅದರಲ್ಲಿ ಎರಡು ಚೂರಿಗಿಂತ ಸ್ವಲ್ಪ ಜಾಸ್ತಿ, ಅಷ್ಟೇ. ಬೆಳಕಿನಷ್ಟೇ ಜೋರಾಗಿ ಓಡಿದರೂ ಅಷ್ಟು ಹೊತ್ತಿನಲ್ಲಿ ಸಾಗುವುದು 660 ಮೀಟರ್. ಹಾಗಾದರೆ ಹೆಚ್ಚುಕಮ್ಮಿ ಎಲ್ಲವೂ ಆಕಾಶದಲ್ಲೇ ಮುಗಿದುಹೋಗಬೇಕು, ಅಲ್ವಾ? ಆದರೆ ಅಂಗೈ ಚಾಚಿ ಕೂತರೆ ಸೆಕೆಂಡಿಗೆ ಸುಮಾರು ಒಂದು ಮ್ಯೂಯಾನ್ ಅದನ್ನು ತೂರಿಕೊಂಡು ಹೋಗುತ್ತದೆ. ವೇಗದಿಂದಾಗಿ ಅವುಗಳ ಕಾಲ ನಿಧಾನವಾಗಿದೆ. ನಮ್ಮ ಗಡಿಯಾರದಲ್ಲಿ ಅವುಗಳ ಆಯಸ್ಸು ಹತ್ತಾರು ಪಟ್ಟು ಹಿಗ್ಗಿದೆ.

ಅವು ನೆಲ ಮುಟ್ಟಿ ಸುಮ್ನೆ ನಿಲ್ಲುವುದಿಲ್ಲ. 1951ರಿಂದ ಬಿ. ವಿ. ಶ್ರೀಕಂಠನ್ ಮತ್ತು ಟಾಟಾ ಮೂಲಭೂತ ಸಂಶೋಧನಾ ಸಂಸ್ಥೆಯ ಸಂಗಡಿಗರು ಕೋಲಾರದ ಚಿನ್ನದ ಗಣಿಗೆ ಉಪಕರಣಗಳನ್ನು ಇಳಿಸಿ ಮ್ಯೂಯಾನ್‌ಗಳನ್ನು ಎಣಿಸಿದರು. ಅವರು ಪರೀಕ್ಷಿಸುತ್ತಿದ್ದದ್ದು ಕಾಲವನ್ನಲ್ಲ. ಯಾವ ಆಳಕ್ಕೆ ಎಷ್ಟು ಕಣ ಇಳಿಯುತ್ತವೆ ಎಂಬುದಷ್ಟೇ ಅವರಿಗೆ ಬೇಕಿತ್ತು. ಆದರೂ ಆ ಕತ್ತಲಲ್ಲಿ ಸಿಕ್ಕ ಒಂದೊಂದು ಕಣವೂ ತನ್ನ ಆಯಸ್ಸಿಗೆ ಮೀರಿದ ದಾರಿ ಸವೆಸಿ ಬಂದಿತ್ತು. ನನಗೆ ಇದು ವೆಲ್ಸ್ ಕಥೆಯಷ್ಟೇ ಬೆರಗಿನ ಸಂಗತಿ.

ಮನುಷ್ಯನನ್ನೇ ಹೀಗೆ ಕಳಿಸುವುದಾದರೆ? ಲೆಕ್ಕ ಹಾಕಿ ನೋಡಿದೆ. ತನ್ನ ಬದುಕಿನ 10 ವರ್ಷದಲ್ಲಿ ಭೂಮಿಯ 8 ಲಕ್ಷ ವರ್ಷ ದಾಟಬೇಕೆಂದರೆ ಅವನ ಕಾಲ 80,000 ಪಟ್ಟು ನಿಧಾನವಾಗಬೇಕು. ಆಗ ಅವನ ವೇಗಕ್ಕೂ ಬೆಳಕಿನ ವೇಗಕ್ಕೂ ಇರುವ ವ್ಯತ್ಯಾಸ ಸೆಕೆಂಡಿಗೆ ಸುಮಾರು 2.3 ಸೆಂಟಿಮೀಟರ್. ಬೆಳಕು ಸೆಕೆಂಡಿಗೆ 3 ಲಕ್ಷ ಕಿಲೋಮೀಟರ್ ಓಡುತ್ತದೆ. ಅದಕ್ಕಿಂತ ಇವನು ಹಿಂದೆ ಬೀಳುವುದು ಇರುವೆಯ ನಡಿಗೆಯಷ್ಟು! ಒಂದೇ ಒಂದು ಕೆಜಿ ತೂಕಕ್ಕೆ ಆ ವೇಗ ಕೊಡಲು ಇಡೀ ಜಗತ್ತು 10 ವರ್ಷದಲ್ಲಿ ಬಳಸುವುದಕ್ಕಿಂತ ಜಾಸ್ತಿ ಶಕ್ತಿ ಬೇಕು. ಇಷ್ಟಾದರೂ ನಿಯಮ ಎಲ್ಲಿಯೂ ‘ಆಗದು’ ಅನ್ನುವುದಿಲ್ಲ.

ಇನ್ನೊಂದು ವ್ಯತ್ಯಾಸವಿದೆ. ವೆಲ್ಸ್‌ನ ಪ್ರಯಾಣಿಕ ತನ್ನ ಪ್ರಯೋಗಶಾಲೆಯಲ್ಲೇ ಕೂತಿರುತ್ತಾನೆ. ಮನೆಗೆಲಸದಾಕೆ ರಾಕೆಟ್‌ನಂತೆ ಕೋಣೆ ದಾಟುವುದು, ಹಗಲು ರಾತ್ರಿ ರೆಕ್ಕೆ ಬಡಿದಂತೆ ಬದಲಾಗುವುದು ಅವನಿಗೆ ಕಾಣುತ್ತದೆ. ವೇಗದ ಯಂತ್ರದಲ್ಲಿ ಹಾಗೆ ಮನೆಯಲ್ಲೇ ಕೂತಿರಲಾಗದು. ಬಹು ದೂರ ಹೋಗಿ, ತಿರುಗಿ ಬರಬೇಕು. ಒಳಗಿರುವವನಿಗೆ ತನ್ನ ಕಾಲ ನಿಧಾನವಾಗಿದೆ ಅಂತ ಅನಿಸುವುದೂ ಇಲ್ಲ. ಮನೆ ಬಾಗಿಲಿಗೆ ಬಂದಾಗಲೇ ಗೊತ್ತಾಗುವುದು, ಆ ಬಾಗಿಲೇ ಇಲ್ಲ ಅಂತ.

ಎರಡನೇ ಲಿವರ್‌ಗೆ ಬಂದರೆ ದಾರಿ ಮಸುಕಾಗುತ್ತದೆ. 1988ರಲ್ಲಿ ಅಮೆರಿಕದ ಭೌತವಿಜ್ಞಾನಿ ಕಿಪ್ ಥಾರ್ನ್ ಮತ್ತು ಜೊತೆಗಾರರು ಒಂದು ಉಪಾಯ ಬರೆದರು. ಆಕಾಶದ ಎರಡು ಜಾಗಗಳನ್ನು ಜೋಡಿಸುವ ಸುರಂಗವೊಂದು ಇದ್ದರೆ, ಅದರ ಒಂದು ಬಾಯನ್ನು ಭಾರೀ ವೇಗದಲ್ಲಿ ಒಯ್ದು ಮರಳಿ ತಂದರೆ, ಅದು ಹಿಂದಿನ ಕಾಲಕ್ಕೆ ದಾರಿಯಾಗಬಹುದು. ಆದರೆ ಸುರಂಗ ಕುಸಿಯದಂತೆ ತಡೆಯಲು ಋಣಶಕ್ತಿ, ಅಂದರೆ ಸೊನ್ನೆಗಿಂತಲೂ ಕಡಿಮೆ ಶಕ್ತಿ, ಬೇಕು. ಅಷ್ಟನ್ನು ಒಟ್ಟುಮಾಡುವ ದಾರಿ ಯಾರಿಗೂ ತಿಳಿದಿಲ್ಲ. ಇಂಥದ್ದನ್ನೆಲ್ಲ ನಿಸರ್ಗವೇ ತಡೆಯುತ್ತದೆ ಎಂಬುದು ಸ್ಟೀಫನ್ ಹಾಕಿಂಗ್ ಅವರ ಊಹೆ. 2009ರ ಜೂನ್ 28ರಂದು ಅವರು ಕಾಲಯಾನಿಗಳಿಗಾಗಿ ಒಂದು ಪಾರ್ಟಿ ಇಟ್ಟು, ಅದು ಮುಗಿದ ಮೇಲೆ ಆಮಂತ್ರಣ ಹೊರಡಿಸಿದರು. ಯಾರೂ ಬಂದಿರಲಿಲ್ಲ. ಆದರೆ ಇದರಿಂದ ಏನೂ ಸಾಬೀತಾಗುವುದಿಲ್ಲ ಎಂಬುದು ನನ್ನ ಅನಿಸಿಕೆ. ಯಾಕೆಂದರೆ ಥಾರ್ನ್ ಅವರ ಸುರಂಗ ನಮ್ಮನ್ನು ತಾನು ತಯಾರಾದ ದಿನಕ್ಕಿಂತ ಹಿಂದೆ ಕರೆದೊಯ್ಯಲಾರದು. 2009ರಲ್ಲಿ ಅಂಥ ಸುರಂಗವೇ ಇರಲಿಲ್ಲವಲ್ಲ.

ವೆಲ್ಸ್‌ಗೆ ಈ ಎರಡನೇ ಲಿವರ್ ಬೇಕೇ ಬೇಕಿತ್ತು. ಅದಿಲ್ಲದಿದ್ದರೆ ಪ್ರಯಾಣಿಕ ಅದೇ ಸಂಜೆ ಊಟದ ಮೇಜಿಗೆ ಮರಳಿ ಗೆಳೆಯರಿಗೆ ಕಥೆ ಹೇಳುತ್ತಿರಲಿಲ್ಲ. ಅವನು ಜೇಬಿನಿಂದ ಎರಡು ಬಾಡಿದ ಬಿಳಿ ಹೂಗಳನ್ನು ತೆಗೆದು ಅವರ ಮುಂದೆ ಇಡುತ್ತಾನೆ. ಭವಿಷ್ಯದ ಒಬ್ಬ ಹುಡುಗಿ ಕೊಟ್ಟ ಹೂಗಳು ಅವು. ನಿಸರ್ಗದ ಯಂತ್ರ ಏರಿದ್ದರೂ ಅವನು ಆ ಹುಡುಗಿಯನ್ನು ನೋಡಬಹುದಿತ್ತು, ಆ ಹೂಗಳನ್ನು ಕೈಚಾಚಿ ಪಡೆಯಬಹುದಿತ್ತು. ಅವನ ಗೆಳೆಯರು ಮಾತ್ರ ಅಷ್ಟು ಹೊತ್ತಿಗೆ ಸತ್ತು 8 ಲಕ್ಷ ವರ್ಷ ಆಗಿರುತ್ತಿತ್ತು.