ಗರ್ಭಿಣಿಯ ರಕ್ತಸ್ರಾವ, ಹೆಪ್ಪುಗಟ್ಟುವ ತೊಂದರೆ: ಮೆಡಿಕಲ್ ಕೋಡಿಂಗ್ ಓದುವವರಿಗೆ ಟಿಪ್ಪಣಿ

ಮೆಡಿಕಲ್ ಕೋಡಿಂಗ್ ಎಂದರೆ ಆಸ್ಪತ್ರೆ ಫೈಲಿನಲ್ಲಿ ಡಾಕ್ಟರು ಬರೆದ ಕಾಯಿಲೆಗೆ ಸರಿಯಾದ ಕೋಡ್ ಹಾಕುವ ಕೆಲಸ. ಖರಾಡಿ, ಹಿಂಜವಡಿಯ ಇಂಥ ಕಂಪನಿಗಳ ಇಂಟರ್‌ವ್ಯೂಗೆಂದು ವಿಜಯಪುರ, ಬೆಳಗಾವಿ, ಕಲಬುರಗಿ ಕಡೆಯಿಂದ ಪುಣೆಗೆ ಬಂದು ಓದುತ್ತಿರುವವರಿಗಾಗಿ ಇದನ್ನು ಬರೆದಿದ್ದೇನೆ. ಕೈಗೆ ಬರುವ ಫೈಲುಗಳು ಅಮೆರಿಕದ ಆಸ್ಪತ್ರೆಗಳವು, ಪುಸ್ತಕ ಐಸಿಡಿ-10-ಸಿಎಂ, ಅಂದರೆ ಅಲ್ಲಿನ ಕಾಯಿಲೆಗಳ ಕೋಡ್ ಪಟ್ಟಿ. ಅಲ್ಲಿ ಅದು 2015ರ ಅಕ್ಟೋಬರ್ 1ರಿಂದ ಬಳಕೆಯಲ್ಲಿದೆ. ಪ್ರತಿ ಅಕ್ಟೋಬರ್‌ಗೆ ಕೋಡ್‌ಗಳು ಬದಲಾಗುತ್ತವೆ, ಹಳೇ ಪುಸ್ತಕ ಅಗ್ಗಕ್ಕೆ ಸಿಕ್ಕಿತೆಂದು ಕೊಳ್ಳಬೇಡಿ.

ಬಸಿರು, ಹೆರಿಗೆ, ಬಾಣಂತನ ಎಲ್ಲ ಹದಿನೈದನೇ ಅಧ್ಯಾಯದಲ್ಲಿವೆ. ಕೋಡ್‌ಗಳು ಓ ಅಕ್ಷರದಿಂದ ಶುರು. ಅದು ಅಕ್ಷರ, ಸೊನ್ನೆ ಅಲ್ಲ. ಟೈಪ್ ಮಾಡುವಾಗ ಸೊನ್ನೆ ಒತ್ತಿದರೆ ಸಾಫ್ಟ್‌ವೇರ್ ಏನೂ ತೋರಿಸುವುದಿಲ್ಲ, ನಾವು ಕೋಡೇ ಇಲ್ಲ ಅಂತ ತಲೆ ಕೆರೆದುಕೊಳ್ಳುತ್ತೇವೆ. ಈ ಅಧ್ಯಾಯದ ಕೋಡ್‌ಗೆ ಬೇರೆ ಅಧ್ಯಾಯದವುಗಳಿಗಿಂತ ಮೊದಲ ಜಾಗ. ತಾಯಿಯ ಫೈಲಿಗೆ ಮಾತ್ರ ಬಳಸಬೇಕು, ಮಗುವಿನ ಫೈಲಿಗೆ ಯಾವತ್ತೂ ಇಲ್ಲ.

ಫೈಲ್ ತೆರೆದ ಕೂಡಲೇ ಕಾಯಿಲೆ ಹುಡುಕಲು ಹೋಗಬೇಡಿ. ರಕ್ತ ಯಾವಾಗ ಹೋಯಿತು ಎಂದು ಮೊದಲು ನೋಡಿ. ಅರ್ಧ ಉತ್ತರ ಅಲ್ಲೇ ಸಿಗುತ್ತದೆ. 20 ವಾರ ತುಂಬುವ ಮೊದಲಾದರೆ ಓ20. ಆಮೇಲೆ, ಆದರೆ ಹೆರಿಗೆ ನೋವಿಗೆ ಮುಂಚೆ ಆದರೆ ಓ44, ಓ45, ಓ46. ಹೆರಿಗೆ ನಡೆಯುವಾಗ ಓ67. ಹೆರಿಗೆಯಾದ ಮೇಲೆ ಓ72.

ಓ20ರಲ್ಲಿ ಒಂದು ಬಲೆ ಇದೆ. ಡಾಕ್ಟರು 9ನೇ ವಾರದಲ್ಲಿ ಬರೀ ಸ್ಪಾಟಿಂಗ್ (ಸ್ವಲ್ಪವೇ ರಕ್ತದ ಕಲೆ) ಎಂದು ಬರೆದಿದ್ದರೆ ಅದು ಓ20 ಅಲ್ಲವೇ ಅಲ್ಲ, ಓ26.851. ಬ್ಲೀಡಿಂಗ್ ಎಂದಿದ್ದರೆ ಓ20.9. ಥ್ರೆಟೆನ್ಡ್ ಅಬಾರ್ಷನ್ (ಗರ್ಭಪಾತವಾಗುವ ಭಯ) ಎಂದು ಅವರೇ ಬರೆದಿದ್ದರೆ ಮಾತ್ರ ಓ20.0. ರೋಗದ ಹೆಸರನ್ನು ನಾವು ಊಹಿಸುವಂತಿಲ್ಲ.

ಓ44 ಮಾಸು ಕೆಳಗೆ ಕೂತಿರುವುದಕ್ಕೆ, ಅಂದರೆ ಪ್ಲಾಸೆಂಟಾ ಪ್ರೀವಿಯಾ. ಪೂರ್ತಿ ಮುಚ್ಚಿದೆಯೇ, ಭಾಗಶಃ ಮುಚ್ಚಿದೆಯೇ, ಸುಮ್ನೆ ಕೆಳಗಿದೆಯೇ, ರಕ್ತ ಹೋಗಿದೆಯೇ ಇಲ್ಲವೇ ಎಂಬುದರ ಮೇಲೆ ನಾಲ್ಕನೇ ಅಂಕಿ ಬದಲಾಗುತ್ತದೆ. ಪುಸ್ತಕ ನೋಡಿದರೆ ಅರ್ಥವಾಗುತ್ತದೆ, ಇಲ್ಲಿ ಹೆಚ್ಚು ಹೊತ್ತು ನಿಲ್ಲುವುದು ಬೇಡ.

ಕಷ್ಟ ಇರುವುದು ಹೆಪ್ಪಿನಲ್ಲಿ. ನಮ್ಮ ಜೊತೆ ಓದುವ, ವಿಜಯಪುರ ಜಿಲ್ಲೆಯ ಇಂಡಿ ಊರಿನ ಹುಡುಗನೊಬ್ಬ ಕೇಳಿದ: "ಡಿಐಸಿ ಅಂತ ಬರೆದಿದ್ದಾರಲ್ಲ, ಡಿ65 ಹಾಕಿದ್ರೆ ಮುಗೀತಲ್ಲ?" ಮುಗಿಯುವುದಿಲ್ಲ. ಡಿಐಸಿ ಎಂದರೆ ಮೈಯೆಲ್ಲ ಸಣ್ಣ ಹೆಪ್ಪು ಕಟ್ಟಿ, ಆಮೇಲೆ ರಕ್ತ ನಿಲ್ಲದೆ ಹೋಗುವ ಸ್ಥಿತಿ; ಡಿ65 ಅದರ ಸಾಮಾನ್ಯ ಕೋಡ್. ಡಿ65ರ ಕೆಳಗಿನ ಹೊರಗಿಡುವ ಟಿಪ್ಪಣಿಯೇ ಬಸಿರು, ಹೆರಿಗೆ, ಬಾಣಂತನದ ಡಿಐಸಿಯನ್ನು ಓ ಕೋಡ್‌ಗಳಿಗೆ ಕಳಿಸುತ್ತದೆ. ಯಾಕೆಂದರೆ ಇಲ್ಲಿ ಹೆಪ್ಪಿನ ದೋಷ ರಕ್ತಸ್ರಾವದ ಕೋಡ್ ಒಳಗೇ ಸೇರಿಕೊಂಡಿರುತ್ತದೆ. ಮಾಸು ಅವಧಿಗೆ ಮುನ್ನ ಬಿಟ್ಟುಕೊಂಡಾಗ ಓ45.0, ಹೆರಿಗೆಗೆ ಮುಂಚಿನ ಬೇರೆ ಸ್ರಾವಕ್ಕೆ ಓ46.0, ಹೆರಿಗೆ ನಡೆಯುವಾಗ ಓ67.0, ಆದ ಮೇಲೆ ಓ72.3.

ಒಂದು ಕೇಸ್ ಪೂರ್ತಿ ಮಾಡೋಣ. 38 ವಾರದ ಗರ್ಭಿಣಿ. ಹೊಟ್ಟೆ ಕಲ್ಲಿನ ಹಾಗೆ ಗಟ್ಟಿ, ರಕ್ತ ಹೋಗುತ್ತಿದೆ. ಡಾಕ್ಟರು ಅಬ್ರಪ್ಷನ್ (ಮಾಸು ಮೊದಲೇ ಬಿಟ್ಟುಕೊಳ್ಳುವುದು) ವಿತ್ ಡಿಐಸಿ ಎಂದು ಬರೆದು ಸಿಸೇರಿಯನ್ ಮಾಡಿದ್ದಾರೆ, ಒಂದು ಮಗು ಜೀವಂತವಾಗಿ ಹುಟ್ಟಿದೆ. ಮೊದಲ ಕೋಡ್ ಓ45.023. ಕೊನೆಯ 3 ಎಂದರೆ ಮೂರನೇ ತ್ರೈಮಾಸಿಕ. ಹೆರಿಗೆ ಇದೇ ದಾಖಲಾತಿಯಲ್ಲಿ ಆಗಿದೆ, ಆದರೂ ತ್ರೈಮಾಸಿಕ ಯಾಕೆ? ಓ45ರಲ್ಲಿ ಹೆರಿಗೆಗೆಂದು ಬೇರೆ ಅಂಕಿಯೇ ಇಲ್ಲ. ಇದ್ದಲ್ಲಿ ಅದನ್ನೇ ಹಾಕಬೇಕು, ಇಲ್ಲದಲ್ಲಿ ತ್ರೈಮಾಸಿಕ. ಜೊತೆಗೆ ಒಂದು ಜೀವಂತ ಮಗುವಿಗೆ ಝೆಡ್37.0, 38ನೇ ವಾರಕ್ಕೆ ಝೆಡ್3ಎ.38.

ತ್ರೈಮಾಸಿಕದ ಲೆಕ್ಕ ಕೊನೆಯ ಮುಟ್ಟಿನ ಮೊದಲ ದಿನದಿಂದ. 14 ವಾರ ತುಂಬುವವರೆಗೆ ಮೊದಲನೆಯದು, 28 ತುಂಬುವವರೆಗೆ ಎರಡನೆಯದು, ಆಮೇಲೆ ಮೂರನೆಯದು. ಮೂರು ತಿಂಗಳಿಗೊಂದು ಅಂತ ಬೆರಳೆಣಿಸಬೇಡಿ.

ಇನ್ನು ರಕ್ತಸ್ರಾವವೇ ಇಲ್ಲದೆ ಹೆಪ್ಪಿನ ದೋಷ ಮಾತ್ರ ಇದ್ದರೆ? ಆಗ ಓ99.1. 22 ವಾರದ ಗರ್ಭಿಣಿಗೆ ಫ್ಯಾಕ್ಟರ್ ಫೈವ್ ಲೈಡೆನ್ (ರಕ್ತ ಬೇಗ ಹೆಪ್ಪುಗಟ್ಟುವ ಹುಟ್ಟಿನ ದೋಷ) ಇದೆ, ದಿನಾ ಹೆಪ್ಪು ತಡೆಯುವ ಎನಾಕ್ಸಪಾರಿನ್ ಇಂಜೆಕ್ಷನ್ ತೆಗೆದುಕೊಳ್ಳುತ್ತಿದ್ದಾಳೆ, ಎಲ್ಲೂ ಹೆಪ್ಪುಗಟ್ಟಿಲ್ಲ. ಓ99.112 ಮೊದಲು, ನಂತರ ದೋಷಕ್ಕೆ ಡಿ68.51, ಔಷಧಕ್ಕೆ ಝೆಡ್79.01, ವಾರಕ್ಕೆ ಝೆಡ್3ಎ.22. ಓ99.1 ಒಂದೇ ಹಾಕಿ ಬಿಟ್ಟರೆ ಯಾವ ದೋಷ ಎಂದೇ ತಿಳಿಯುವುದಿಲ್ಲ, ಡಿ ಕೋಡ್ ಬೇಕೇ ಬೇಕು. ಹೆಪ್ಪು ಹೆಚ್ಚಿಸುವ ಬೇರೆ ದೋಷಗಳಲ್ಲಿ ಆಂಟಿಫಾಸ್ಫೋಲಿಪಿಡ್ ಸಿಂಡ್ರೋಮ್‌ಗೆ ಡಿ68.61, ಪ್ರೋಟೀನ್ ಸಿ ಅಥವಾ ಎಸ್ ಕೊರತೆಗೆ ಡಿ68.59. ರಕ್ತ ಸರಿಯಾಗಿ ಹೆಪ್ಪುಗಟ್ಟದ ವಾನ್ ವಿಲ್ಲೆಬ್ರಾಂಡ್ ಕಾಯಿಲೆಗೆ ಡಿ68.0 ಎಂದು ಬಾಯಿಪಾಠ ಮಾಡಿದವರು ಎಚ್ಚರ: 2022ರ ಅಕ್ಟೋಬರ್‌ನಿಂದ ಅದು ಒಡೆದು ಬೇರೆ ಬೇರೆ ಕೋಡ್‌ಗಳಾಗಿದೆ, ಯಾವ ಟೈಪ್ ಎಂದು ನೋಡಬೇಕು. ಬಸಿರಿನಲ್ಲಿ ಪ್ಲೇಟ್‌ಲೆಟ್ ಕಡಿಮೆಯಾದರೂ ಇದೇ ದಾರಿ, ಓ99.11ರ ಜೊತೆ ಡಿ69.6. ಆದರೆ ಲ್ಯಾಬ್ ರಿಪೋರ್ಟಿನಲ್ಲಿ ಸಂಖ್ಯೆ ಕಡಿಮೆ ಇದೆ ಎಂದು ನಾವಾಗಿ ಹಾಕುವಂತಿಲ್ಲ, ಡಾಕ್ಟರು ಬರೆದಿರಬೇಕು.

ಇದೇ ಮಾತು ಓ72ಕ್ಕೂ. ಅಮೆರಿಕದ ಪ್ರಸೂತಿ ತಜ್ಞರ ಸಂಘ 1000 ಮಿಲಿ ರಕ್ತನಷ್ಟವನ್ನು ಗಡಿಯಾಗಿ ಇಟ್ಟಿದೆ. ಫೈಲಿನಲ್ಲಿ 1100 ಮಿಲಿ ಎಂದಿದೆ, ಪೋಸ್ಟ್‌ಪಾರ್ಟಮ್ ಹೆಮರೇಜ್ (ಹೆರಿಗೆ ನಂತರದ ರಕ್ತಸ್ರಾವ) ಎಂಬ ಮಾತು ಎಲ್ಲೂ ಇಲ್ಲ. ಕೋಡ್ ಹಾಕಬಾರದು, ಡಾಕ್ಟರಿಗೆ ಕ್ವೆರಿ, ಅಂದರೆ ಪ್ರಶ್ನೆ, ಕಳಿಸಬೇಕು. ಪ್ರಾಕ್ಟೀಸ್ ಫೈಲುಗಳಲ್ಲಿ ಜಾಸ್ತಿ ಅಂಕ ಕಳೆಯುವುದು ಇಲ್ಲೇ ಎಂದು ನನಗನಿಸುತ್ತದೆ. ಹೆಸರು ಬರೆದಿದ್ದರೆ ಮೂರು ದಾರಿ: ಮಾಸು ಒಳಗೇ ಉಳಿದು ರಕ್ತ ಹೋದರೆ ಓ72.0, ಗರ್ಭಕೋಶ ಕುಗ್ಗದೆ ಕೂಡಲೇ ಹೋದರೆ ಓ72.1, 24 ಗಂಟೆ ಕಳೆದ ಮೇಲಾದರೆ ಓ72.2.

ರಕ್ತನಾಳದಲ್ಲಿ ಹೆಪ್ಪು ಕಟ್ಟುವುದು ಇದಕ್ಕೆಲ್ಲ ಉಲ್ಟಾ ಕಥೆ, ಕೋಡ್‌ನ ಗುಂಪೂ ಬೇರೆ. ಕಾಲಿನ ಆಳದ ರಕ್ತನಾಳದಲ್ಲಿ ಬಸಿರಿನಲ್ಲಾದರೆ ಓ22.3, ಬಾಣಂತನದಲ್ಲಾದರೆ ಓ87.1. ಬಾಣಂತನ ಎಂದರೆ ಪುಸ್ತಕದ ಪ್ರಕಾರ ಆರು ವಾರ, ನಮ್ಮ ಮನೆಗಳ ನಲವತ್ತು ದಿನಕ್ಕೆ ಹತ್ತಿರ ಹತ್ತಿರ. 30 ವಾರದಲ್ಲಿ ಎಡ ತೊಡೆಯ ಫೀಮೋರಲ್ ರಕ್ತನಾಳದಲ್ಲಿ ಹೊಸದಾಗಿ ಹೆಪ್ಪು ಸಿಕ್ಕಿದರೆ ಓ22.33, ಐ82.412, ಝೆಡ್3ಎ.30. ಹೆಪ್ಪು ತಡೆಯುವ ಔಷಧ ಮುಂದುವರಿದಿದ್ದರೆ ಝೆಡ್79.01 ಕೂಡ. ಇದೇ ಹೆಪ್ಪು ಹೆರಿಗೆಯಾದ ಹತ್ತನೇ ದಿನ ಸಿಕ್ಕಿದರೆ ಓ87.1, ಐ82.412. ಆಗ ವಾರದ ಕೋಡ್ ಇಲ್ಲ, ಬಸಿರು ಮುಗಿದಿದೆಯಲ್ಲ. ಹೆಪ್ಪು ಶ್ವಾಸಕೋಶಕ್ಕೆ ಹೋಗಿದ್ದರೆ ಓ88.2 ತೆರೆಯಿರಿ: ಬಸಿರಿನಲ್ಲಿ ಓ88.21, ಹೆರಿಗೆಯಲ್ಲಿ ಓ88.22, ಬಾಣಂತಿಗೆ ಓ88.23. ಹಿಂದೆ ಯಾವಾಗಲೋ ಕಾಲಿನಲ್ಲಿ ಹೆಪ್ಪು ಕಟ್ಟಿ ಈಗ ವಾಸಿಯಾಗಿದ್ದರೆ ಐ82 ಹಾಕಬೇಡಿ, ಅದಕ್ಕೆ ಝೆಡ್86.718 ಇದೆ.