ಅಡಿಕೆ ತೋಟದ ಕತ್ತಿಯ ಮೇಲಿನ ಕಲೆ

ಕಾಸರಗೋಡು ಜಿಲ್ಲೆಯ ಬದಿಯಡ್ಕ, ಪೆರ್ಲ, ಮುಳ್ಳೇರಿಯ ಕಡೆಯ ಯಾವ ಕೃಷಿಕರ ಮನೆಗೆ ಹೋದರೂ ಹಿತ್ತಿಲ ಬಾಗಿಲ ಬಳಿ ಒಂದೆರಡು ಕತ್ತಿ ಇದ್ದೇ ಇರುತ್ತದೆ. ಅದರ ಅಲಗಿನಲ್ಲಿ ಕಂದು ಕಲೆ ಇಲ್ಲದಿದ್ದರೆ ಅದು ಕೆಲಸ ಮಾಡಿದ ಕತ್ತಿಯೇ ಅಲ್ಲ. ಬಾಳೆಯ ಸೊನೆ, ಅಡಿಕೆಯ ಚೊಗರು, ಮಳೆಗಾಲದ ತುಕ್ಕು, ಒಮ್ಮೊಮ್ಮೆ ಕೋಳಿಯ ರಕ್ತ. ಊರಿನಲ್ಲೊಂದು ಕೊಲೆ ನಡೆದು, ನೋಡಿದವರು ಯಾರೂ ಇಲ್ಲದೆ, ಅನುಮಾನ ಆ ಮನೆಯವನ ಮೇಲೆ ಬಿತ್ತು ಎನ್ನಿ. ಆಗ ‘ರಕ್ತದಂತೆ ತೋರುವ ಕಲೆಯುಳ್ಳ ಕತ್ತಿ’ ಎಂದು ಮಹಜರಿನಲ್ಲಿ, ಅಂದರೆ ಪೊಲೀಸರು ಪಂಚರ (ಸ್ಥಳದ ಸಾಕ್ಷಿಗಳ) ಎದುರು ಬರೆಯುವ ದಾಖಲೆಯಲ್ಲಿ, ಒಂದು ಸಾಲು ಸೇರುತ್ತದೆ.

ಕಲೆ ರಕ್ತವೇ ಎಂದು ನೋಡುವ ಮೊದಲ ಪರೀಕ್ಷೆ ಸರಳ. ಬಣ್ಣ ಕಳೆದುಕೊಂಡ ಫಿನಾಲ್ಫ್ಥಲೀನ್ ದ್ರಾವಣವನ್ನು ಕಲೆಗೆ ಸೋಕಿಸಿ, ಮೇಲೆ ಹೈಡ್ರೋಜನ್ ಪೆರಾಕ್ಸೈಡ್ ಹನಿಸುತ್ತಾರೆ. ಹಿಮೋಗ್ಲೋಬಿನ್ ಇದ್ದರೆ ಪೆರಾಕ್ಸೈಡ್ ಒಡೆದು ದ್ರಾವಣ ಗುಲಾಬಿಯಾಗುತ್ತದೆ. ಆದರೆ ಇದೇ ಕೆಲಸ ಮಾಡುವ ಪೆರಾಕ್ಸಿಡೇಸ್ ಎಂಬ ಕಿಣ್ವ ಅನೇಕ ಸಸ್ಯಗಳ ರಸದಲ್ಲಿಯೂ ಇದೆ. ಕೆಲವು ಲೋಹಗಳ ಲವಣಗಳೂ ಹೀಗೆಯೇ ಮೋಸ ಮಾಡುತ್ತವೆ. ಹಾಗಾಗಿ ಗುಲಾಬಿ ಬಣ್ಣದ ಅರ್ಥ ‘ರಕ್ತವಿರಬಹುದು, ಮುಂದೆ ಪರೀಕ್ಷಿಸಿ’ ಎಂದಷ್ಟೇ. ಅದು ಮನುಷ್ಯನದೋ ಕೋಳಿಯದೋ ಎಂದು ಪ್ರತಿಕಾಯಗಳ ಮೂಲಕ ಬೇರ್ಪಡಿಸುವ ವಿಧಾನವನ್ನು ಜರ್ಮನಿಯ ಪೌಲ್ ಉಲೆನ್‌ಹುಟ್ 1901ರಲ್ಲಿ ತೋರಿಸಿದರು. ರಕ್ತದ ಗುಂಪುಗಳ ಕುರಿತ ಕಾರ್ಲ್ ಲ್ಯಾಂಡ್‌ಸ್ಟೈನರ್ ಅವರ ಪ್ರಬಂಧವೂ ಅದೇ ವರ್ಷದ್ದು. ಗುಂಪು ತಿಳಿದರೂ ಆಳು ತಿಳಿಯುವುದಿಲ್ಲ. ನಮ್ಮಲ್ಲಿ ಹತ್ತರಲ್ಲಿ ಮೂರಕ್ಕೂ ಹೆಚ್ಚು ಜನರದು ಓ ಗುಂಪು. ಆಳನ್ನು ಗುರುತಿಸುವ ಶಕ್ತಿ ಬಂದದ್ದು 1984ರಲ್ಲಿ, ಅಲೆಕ್ ಜೆಫ್ರಿಸ್ ಡಿಎನ್‌ಎ ಬೆರಳಚ್ಚನ್ನು ಕಂಡುಕೊಂಡ ಮೇಲೆ.

ಇಷ್ಟೆಲ್ಲ ವಿದ್ಯೆ ಕೈಯಲ್ಲಿದ್ದೂ ಪ್ರಯೋಗಾಲಯದ ವರದಿ ಎಷ್ಟೋ ಸಲ ‘ಮಾನವ ರಕ್ತ, ಗುಂಪು ನಿರ್ಧರಿಸಲಾಗಲಿಲ್ಲ’ ಎಂದು ಮುಗಿಯುತ್ತದೆ. ಕಾರಣ ಹುಡುಕಲು ಪ್ರಯೋಗಾಲಯವಿರುವ ತಿರುವನಂತಪುರದ ತನಕ ಹೋಗಬೇಕಿಲ್ಲ. ಕಾಸರಗೋಡಿನಲ್ಲಿ ವರ್ಷಕ್ಕೆ ಮೂರು ಸಾವಿರ ಮಿಲಿಮೀಟರಿಗೂ ಹೆಚ್ಚು ಮಳೆ. ಜೂನ್‌ನಲ್ಲಿ ಒಗೆದ ಪಂಚೆಯೇ ಒಣಗುವುದಿಲ್ಲ. ರಕ್ತ ಮೆತ್ತಿದ ಒದ್ದೆ ಅಂಗಿಯನ್ನು ಪ್ಲಾಸ್ಟಿಕ್ ಚೀಲಕ್ಕೆ ತುರುಕಿ ಬಾಯಿ ಕಟ್ಟಿದರೆ, ಬ್ಯಾಕ್ಟೀರಿಯಾ ಮತ್ತು ಬೂಷ್ಟು ಕೆಲವೇ ದಿನಗಳಲ್ಲಿ ಡಿಎನ್‌ಎಯನ್ನು ತುಂಡುತುಂಡು ಮಾಡುತ್ತವೆ. ಅದೇ ಅಂಗಿಯನ್ನು ನೆರಳಿನಲ್ಲಿ ಆರಿಸಿ ಕಾಗದದ ಲಕೋಟೆಯಲ್ಲಿಟ್ಟರೆ ವರ್ಷಗಳ ನಂತರವೂ ಉತ್ತರ ಕೊಡುತ್ತದೆ. ಪ್ರಕರಣ ನಿಲ್ಲುವುದೂ ಬೀಳುವುದೂ ಹೆಚ್ಚಾಗಿ ಪ್ರಯೋಗಾಲಯದಲ್ಲಿ ಅಲ್ಲ, ಅಂಗಳಕ್ಕೂ ಪ್ರಯೋಗಾಲಯಕ್ಕೂ ನಡುವಿನ ದಾರಿಯಲ್ಲಿ ಎಂಬುದು ನನ್ನ ಅಭಿಪ್ರಾಯ.

ಸಾವಿನ ಸಮಯದ ಲೆಕ್ಕವೂ ಹೀಗೆಯೇ ಜಾರುತ್ತದೆ. ಹೆಣ ತಣ್ಣಗಾಗುವ ವೇಗ ದೇಹಕ್ಕೂ ಸುತ್ತಲಿನ ಗಾಳಿಗೂ ಇರುವ ಶಾಖದ ಅಂತರವನ್ನು ಅವಲಂಬಿಸಿದೆ. ಹತ್ತು ಡಿಗ್ರಿ ಚಳಿಯ ದೇಶದಲ್ಲಿ 37 ಡಿಗ್ರಿಯ ದೇಹಕ್ಕೆ ಆ ಅಂತರ 27 ಡಿಗ್ರಿ. ಏಪ್ರಿಲ್‌ನ ಕುಂಬಳೆಯಲ್ಲಿ ಗಾಳಿಯೇ 32 ಡಿಗ್ರಿ ಇದ್ದರೆ ಉಳಿಯುವುದು ಬರೀ 5. ಅಳತೆಯಲ್ಲಿ ಒಂದು ಡಿಗ್ರಿ ಹೆಚ್ಚುಕಡಿಮೆಯಾದರೆ ಅಂತರದ ಐದನೇ ಒಂದು ಪಾಲು ಕೈತಪ್ಪಿತು. ಸ್ನಾಯುಗಳ ಬಿಗಿತವೂ ಗಡಿಯಾರದಂತೆ ನಡೆಯುವುದಿಲ್ಲ: ಉತ್ತರ ಭಾರತದ ಬೇಸಿಗೆಯಲ್ಲಿ ಅದು 18ರಿಂದ 36 ಗಂಟೆ ಇರುತ್ತದೆ ಎಂದು ವೈದ್ಯಕೀಯ ಪಠ್ಯಗಳು ಹೇಳುತ್ತವೆ, ಚಳಿಗಾಲದಲ್ಲಿ 24ರಿಂದ 48. ಇದು ಒಣ ಪಾಂಡಿತ್ಯವಲ್ಲ. ‘ರಾತ್ರಿ ಬಯಲಾಟದಲ್ಲಿ ಇಬ್ಬರನ್ನೂ ಒಟ್ಟಿಗೆ ಕಂಡೆ’ ಎಂಬ ಸಾಕ್ಷಿಗೆ ಬೆಲೆ ಬರುವುದು, ಕಂಡ ಹೊತ್ತಿಗೂ ಸತ್ತ ಹೊತ್ತಿಗೂ ನಡುವೆ ಮೂರನೆಯವನು ಬಂದಿರಲು ಅವಕಾಶವಿಲ್ಲದಷ್ಟು ಕಡಿಮೆ ಕಾಲವಿದ್ದಾಗ ಮಾತ್ರ. ಸತ್ತ ಹೊತ್ತೇ ಅರ್ಧ ದಿನದಷ್ಟು ಅಗಲವಾದರೆ ಆ ಮಾತು ಬರೀ ಊರ ಸುದ್ದಿ.

ಮೊಬೈಲ್ ಟವರ್ ಬಗ್ಗೆ ಹೆಚ್ಚು ಹೇಳಬೇಕಿಲ್ಲ. ಟವರ್ ತೋರಿಸುವುದು ಒಂದು ಪ್ರದೇಶವನ್ನು, ಮನೆಯನ್ನಲ್ಲ. ಕೇರಳ-ಕರ್ನಾಟಕ ಗಡಿಯ ತಲಪಾಡಿಯ ಅಕ್ಕಪಕ್ಕದವರಿಗೆ ಗೊತ್ತು, ಜಗಲಿಯಲ್ಲಿ ಕುಳಿತಲ್ಲಿಂದಲೇ ಫೋನು ಗಡಿ ದಾಟಿ ಬರುತ್ತದೆ.

ಇನ್ನು ಮಹಜರು. ಪೊಲೀಸರ ಮುಂದೆ ಆರೋಪಿ ಒಪ್ಪಿಕೊಂಡದ್ದು ಸಾಕ್ಷ್ಯವಲ್ಲ; ಆದರೆ ಅವನು ಹೇಳಿದ್ದರಿಂದ ವಸ್ತುವೊಂದು ಸಿಕ್ಕರೆ, ಅದಕ್ಕೆ ಸಂಬಂಧಿಸಿದಷ್ಟು ಮಾತು ಮಾತ್ರ ನಿಲ್ಲುತ್ತದೆ. ಹಳೆಯ ಸಾಕ್ಷ್ಯ ಅಧಿನಿಯಮದ 27ನೇ ಕಲಮು ಇದು, 2024ರ ಜುಲೈ 1ರಿಂದ ಭಾರತೀಯ ಸಾಕ್ಷ್ಯ ಅಧಿನಿಯಮದ 23ನೇ ಕಲಮಿನೊಳಗೆ ಸೇರಿದೆ. ಕರ್ನಾಟಕದ ಒಂದು ಕೊಲೆ ಪ್ರಕರಣದಲ್ಲಿ ಸುಪ್ರೀಂ ಕೋರ್ಟು 2022ರಲ್ಲಿ ಈ ವಿಷಯವನ್ನು ಬಿಡಿಸಿ ಹೇಳಿತು: ಆರೋಪಿಯ ಮಾತು ಅವನು ಆಡಿದಂತೆಯೇ ಪಂಚರ ಎದುರು ದಾಖಲಾಗಬೇಕು. ನಮ್ಮ ಜಿಲ್ಲೆಯಲ್ಲಿ ಅದು ಎಷ್ಟು ಕಷ್ಟ ನೋಡಿ. ಆರೋಪಿ ತುಳುವಿನಲ್ಲಿ ಹೇಳುತ್ತಾನೆ, ಮಹಜರು ಮಲಯಾಳದಲ್ಲಿ ತಯಾರಾಗುತ್ತದೆ, ಕನ್ನಡ ಶಾಲೆಯಲ್ಲಿ ಕಲಿತ ನೆರೆಮನೆಯವರು ಓದಲಾಗದ ಹಾಳೆಗೆ ರುಜು ಹಾಕುತ್ತಾರೆ, ಎರ್ನಾಕುಳಂನ ಹೈಕೋರ್ಟಿಗೆ ಅದರ ಇಂಗ್ಲಿಷ್ ರೂಪ ಹೋಗುತ್ತದೆ. ಕತ್ತಿಯನ್ನು ತಾನೇ ಅಡಗಿಸಿಟ್ಟದ್ದೋ, ಅದು ತೋಡಿನ ಬದಿಯಲ್ಲಿ ಬಿದ್ದಿರುವುದನ್ನು ಕಂಡಿದ್ದನೋ? ಶಿಕ್ಷೆ ನಿಂತಿರುವುದೇ ಆ ವ್ಯತ್ಯಾಸದ ಮೇಲೆ. ನಾಲ್ಕು ಭಾಷೆ ದಾಟುವಾಗ ಕಳೆದುಹೋಗುವುದೂ ಅದೇ.

ಮೇಲ್ಮನವಿಯ ನ್ಯಾಯಾಧೀಶರು ಸಾಮಾನ್ಯವಾಗಿ ಸಾಕ್ಷಿಯ ಮುಖ ನೋಡುವುದಿಲ್ಲ, ತೋಡನ್ನೂ ನೋಡುವುದಿಲ್ಲ. ಅವರ ಮುಂದಿರುವುದು ಕಡತ. ಸಾಂದರ್ಭಿಕ ಸಾಕ್ಷ್ಯಕ್ಕೆ (ನೋಡಿದವರಿಲ್ಲದೆ ಸುಳಿವುಗಳಿಂದಷ್ಟೇ ಕಟ್ಟಿದ ಸಾಕ್ಷ್ಯಕ್ಕೆ) ಸುಪ್ರೀಂ ಕೋರ್ಟಿನ 1984ರ ಸಾರ್ದಾ ತೀರ್ಪು ಹಾಕಿಕೊಟ್ಟ ಐದು ನಿಯಮಗಳನ್ನು ಅವರು ಅದೇ ಕಡತಕ್ಕೆ ಹಚ್ಚಿ ನೋಡುತ್ತಾರೆ. ಅವುಗಳ ಸಾರ ಇಷ್ಟು: ಪ್ರತಿ ಸಂಗತಿಯೂ ಪೂರ್ತಿ ಸಾಬೀತಾಗಿರಬೇಕು; ಒಟ್ಟಾಗಿ ಅವು ಆರೋಪಿಯ ಅಪರಾಧವನ್ನಲ್ಲದೆ ಬೇರೆ ಯಾವ ವಿವರಣೆಗೂ ಜಾಗ ಬಿಡಬಾರದು. ವಿಚಾರಣೆಯಲ್ಲಿ ಆರೋಪಿಗೆ ಕೇಳದೆ ಬಿಟ್ಟ ಸಂಗತಿಯನ್ನು ಅವನ ವಿರುದ್ಧ ಬಳಸುವಂತಿಲ್ಲ ಎಂದೂ ಆ ತೀರ್ಪು ಹೇಳಿತು. ಸುಳಿವುಗಳ ಸಂಖ್ಯೆ ಕಂಡು ಮರುಳಾಗುವವರಿಗೆ ಗಣಿತದ ಒಂದು ಎಚ್ಚರಿಕೆಯೂ ಇದೆ. ಸುಳಿವುಗಳು ಒಂದನ್ನೊಂದು ಬಲಪಡಿಸುವುದು ಅವು ಸ್ವತಂತ್ರವಾಗಿದ್ದರೆ ಮಾತ್ರ. ಕತ್ತಿ, ಅಂಗಿ, ಚಪ್ಪಲಿ ಮೂರಕ್ಕೂ ಒಬ್ಬನೇ ಪಂಚನ ರುಜುವಿದ್ದರೆ, ಅವನ ಮಾತು ಬಿದ್ದಲ್ಲಿ ಮೂರೂ ಒಟ್ಟಿಗೆ ಬೀಳುತ್ತವೆ.

ತನಿಖೆಯಲ್ಲಿ ಲೋಪವಿದೆ ಎಂಬ ಒಂದೇ ಕಾರಣಕ್ಕೆ ಬಿಡುಗಡೆ ಸಿಗುವುದಿಲ್ಲ. ಉಳಿದ ಸಾಕ್ಷ್ಯ ಗಟ್ಟಿಯಿದ್ದರೆ ನ್ಯಾಯಾಲಯಗಳು ಶಿಕ್ಷೆಯನ್ನು ಎತ್ತಿಹಿಡಿದಿವೆ. ಆದರೆ ಕಣ್ಣಾರೆ ಕಂಡವರಿಲ್ಲದ ಪ್ರಕರಣದಲ್ಲಿ ಎಷ್ಟೋ ಸಲ ಉಳಿದದ್ದು ಎಂಬುದೇ ಇರುವುದಿಲ್ಲ. ಗುಜರಾತಿನ ಪ್ರಕರಣವೊಂದರಲ್ಲಿ ಸುಪ್ರೀಂ ಕೋರ್ಟು 2014ರಲ್ಲಿ, ಖುಲಾಸೆಯಾದ ಪ್ರತಿ ಪ್ರಕರಣವನ್ನೂ ಪರಿಶೀಲಿಸಿ ಲೋಪದ ಹೊಣೆ ನಿಗದಿಪಡಿಸಬೇಕೆಂದು ರಾಜ್ಯಗಳಿಗೆ ಸೂಚಿಸಿತ್ತು. ತನಿಖೆ, ವಿಚಾರಣೆಗಳ ವಿಧಾನ ಹೇಳುವ ಹೊಸ ನಾಗರಿಕ ಸುರಕ್ಷಾ ಸಂಹಿತೆಯ 105ನೇ ಕಲಮು ಶೋಧ ಮತ್ತು ಜಪ್ತಿಯನ್ನು ಧ್ವನಿ ಸಹಿತ ಚಿತ್ರೀಕರಿಸಬೇಕೆನ್ನುತ್ತದೆ. ತುಳು ಮಾತು ತುಳುವಿನಲ್ಲಿಯೇ ಉಳಿಯಲು ಇದು ಸಹಾಯವಾದೀತು. ಠಾಣೆಯಲ್ಲಿ ಒದ್ದೆ ಅಂಗಿ ಆರಿಸಲು ಗಾಳಿಯಾಡುವ ಒಂದು ಕೋಣೆ ಮತ್ತು ಒಂದು ಕಟ್ಟು ಕಾಗದದ ಲಕೋಟೆಗೆ ಕಾನೂನು ತಿದ್ದುಪಡಿಯೂ ಬೇಕಿಲ್ಲ.