ತೂಬುವಿದ್ಯೆಯ ಲೆಕ್ಕ ಗೋಡೆಯ ಕ್ಯಾಲೆಂಡರಿನಲ್ಲಿದೆ

ಮಾಂತ್ರಿಕ ಲೋಕದ ಕಥೆ ಬರೆಯಲು, ಆಟ ಕಟ್ಟಲು ಹೊರಟ ಕೊಪ್ಪಳ, ರಾಯಚೂರು, ಬಳ್ಳಾರಿಯ ಯುವಕರಿಗೆ ಒಂದು ಅಳುಕಿದೆ: ಕಡಲೇ ಇಲ್ಲದ ಸೀಮೆಯವರು ಉಬ್ಬರವಿಳಿತದ ಮೇಲೆ ಮಂತ್ರವಿದ್ಯೆ ಕಟ್ಟುವುದು ಹೇಗೆ? ಧೈರ್ಯವಾಗಿ ಕಟ್ಟಿ. ಈ ವಿದ್ಯೆಯ ಜೀವ ಇರುವುದು ಹೊತ್ತಿನ ಲೆಕ್ಕದಲ್ಲಿ. ಆ ಲೆಕ್ಕ ನಿಮ್ಮ ಮನೆಯ ಗೋಡೆಯ ಪಂಚಾಂಗದ ಕ್ಯಾಲೆಂಡರಿನಲ್ಲೇ ತೂಗುತ್ತಿದೆ.

ಕರಾವಳಿಯವರು ನೀರು ಏರುವುದಕ್ಕೆ ಭರತ ಎನ್ನುತ್ತಾರೆ, ತಗ್ಗುವುದಕ್ಕೆ ಇಳಿತ. ಒಂದು ಭರತದಿಂದ ಮುಂದಿನದಕ್ಕೆ ಸುಮಾರು 12 ಗಂಟೆ 25 ನಿಮಿಷ. ಅಂದರೆ ಇವತ್ತಿನ ಭರತ ನಾಳೆ 50 ನಿಮಿಷ ತಡವಾಗಿ ಬರುತ್ತದೆ. ಒಂದು ಘಳಿಗೆಗೆ 24 ನಿಮಿಷ. ತಿಥಿಗೆ ಎರಡು ಘಳಿಗೆ ತಡ ಎಂದು ಹಿಡಿದರೆ ಕಥೆಗೆ ಧಾರಾಳ ಸಾಕು. ಅಮಾವಾಸ್ಯೆ, ಹುಣ್ಣಿಮೆಗಳಲ್ಲಿ ಸೂರ್ಯ ಚಂದ್ರರು ಒಂದೇ ಗೆರೆಯಲ್ಲಿ ನಿಂತು ಎಳೆಯುವುದರಿಂದ ಏರಿಳಿತ ದೊಡ್ಡದು. ಅಷ್ಟಮಿಗೆ ಇಬ್ಬರೂ ಅಡ್ಡಡ್ಡ ಎಳೆಯುವುದರಿಂದ ಸಣ್ಣದು. ಇಷ್ಟೂ ಗೊತ್ತಿದ್ದವರೇ ತಪ್ಪುವುದು ಮುಂದಿನ ಮಾತಿನಲ್ಲಿ: ಎಲ್ಲಕ್ಕಿಂತ ದೊಡ್ಡ ಭರತ ಹೆಚ್ಚಿನ ಕಡೆ ಒಂದೆರಡು ದಿನ ತಡವಾಗಿ ಬರುತ್ತದೆ. ಎಳ್ಳಮಾವಾಸ್ಯೆಯ ದಿನವೇ ಮಹಾಮಂತ್ರ ಹಾಕುವವನು ಅವಸರದವನು. ಪಾಡ್ಯ ದಾಟಿ ಬಿದಿಗೆಯವರೆಗೆ ಕಾಯುವವಳು ವಿದ್ಯೆ ಕಲಿತವಳು.

ಏರಿಳಿತ ಎಷ್ಟಿರಬೇಕು? ನಮ್ಮ ಕರಾವಳಿಯಲ್ಲಿ ಒಂದೆರಡು ಮೀಟರ್ ಮಾತ್ರ. ಗುಜರಾತಿನ ಖಂಭಾತ್ ಕೊಲ್ಲಿಯಲ್ಲಿ ಹತ್ತು ಮೀಟರಿನ ಆಸುಪಾಸು. ಚಂದ್ರ ಅವನೇ, ಕೊಲ್ಲಿಯ ಆಕಾರ ಬೇರೆ. ನಮ್ಮ ಕಲ್ಪನೆಯ ಬಂದರಿಗೆ ದೊಡ್ಡ ದಿನಗಳಲ್ಲಿ 12 ಮೊಳ, ಅಷ್ಟಮಿಗೆ 5 ಮೊಳ ಇಟ್ಟುಕೊಳ್ಳೋಣ. ಪ್ರತಿ ಬಂದರಿಗೂ ಅದರದ್ದೇ ಆದ ತಡವೂ ಇರುತ್ತದೆ. ಇಲ್ಲಿ ಚಂದ್ರ ನೆತ್ತಿಗೆ ಬಂದ 10 ಘಳಿಗೆಗೆ, ಅಂದರೆ 4 ಗಂಟೆಗೆ ಭರತ ಅನ್ನೋಣ. ಹುಣ್ಣಿಮೆಯ ಚಂದ್ರ ನೆತ್ತಿಗೇರುವುದು ನಡುರಾತ್ರಿಗೆ, ಆದ್ದರಿಂದ ಭರತ ಬೆಳಗಿನ ಜಾವ ನಾಲ್ಕಕ್ಕೆ, ಮತ್ತೆ ಸಂಜೆ ನಾಲ್ಕರ ಸುಮಾರಿಗೆ. ಅಮಾವಾಸ್ಯೆಗೂ ಅದೇ ಹೊತ್ತು. ಅಷ್ಟಮಿಗೆ ಹತ್ತು ಗಂಟೆಯ ಆಸುಪಾಸು. ಕಥೆಯಲ್ಲಿ ದಿನವೂ ಒಂದೇ ಹೊತ್ತಿಗೆ ನೀರು ಏರಿಸಿದರೆ ಮಲ್ಪೆಯ ಓದುಗ ಎರಡನೇ ಪುಟದಲ್ಲೇ ಪುಸ್ತಕ ಮುಚ್ಚುತ್ತಾನೆ.

ಈಗ ವಿದ್ಯೆ. ಇದನ್ನು ತೂಬುವಿದ್ಯೆ ಎನ್ನೋಣ. ದಡದಲ್ಲಿ ಒಂದು ಕಲ್ಲಿನ ತೊಟ್ಟಿ, ತಳದಲ್ಲಿ ತೂಬು. ತೂಬು ತೆರೆದಿರುವಾಗ ಭರತದ ನೀರು ತೊಟ್ಟಿ ತುಂಬುತ್ತದೆ. ನೀರು ಏರಿ, ತಿರುಗುವ ಮೊದಲು ಸ್ವಲ್ಪ ಹೊತ್ತು ನಿಲ್ಲುತ್ತದಲ್ಲ, ಆಗ ತೂಬು ಮುಚ್ಚಬೇಕು. ಹೊರಗಿನ ನೀರು ಇಳಿದಂತೆ ಒಳಗಿನದಕ್ಕೂ ಹೊರಗಿನದಕ್ಕೂ ಬೀಳುವ ಅಂತರವೇ ಮಂತ್ರದ ಬಲ. 3 ಮೊಳ ಅಂತರಕ್ಕೆ ಗಾಯ ಮಾಯುತ್ತದೆ, 9 ಮೊಳಕ್ಕೆ ಮುರಿದ ಮೂಳೆ ಕೂಡುತ್ತದೆ, 12ಕ್ಕೆ ಬಂಡೆಗೆ ಕಚ್ಚಿದ ದೋಣಿ ಏಳುತ್ತದೆ. ತೂಬು ತೆರೆದು ತೊಟ್ಟಿ ಬರಿದಾಗುವವರೆಗೆ ಮಂತ್ರ ನಡೆಯುತ್ತದೆ, ಆಮೇಲೆ ಇಲ್ಲ.

ತೊಟ್ಟಿಯ ತಳ ಎಲ್ಲಿರಬೇಕು ಎಂಬುದನ್ನು ಸ್ವಲ್ಪ ನಿಂತು ನೋಡಬೇಕು. ಹುಣ್ಣಿಮೆಯ ಭರತ ಮುಟ್ಟಿದ ಗೆರೆಗಿಂತ 2 ಮೊಳ ಕೆಳಗೆ ತಳ ಕಟ್ಟಿದರೆ ಹುಣ್ಣಿಮೆಗೆ ಚೆನ್ನಾಗಿ ತುಂಬುತ್ತದೆ, ಅಷ್ಟಮಿಗೆ ಒಣಗಿ ನಿಲ್ಲುತ್ತದೆ. ಏರಿಳಿತ 12ರಿಂದ 5ಕ್ಕೆ ಕುಗ್ಗಿದಾಗ ಕುಗ್ಗುವುದು ಎರಡೂ ತುದಿಯಿಂದ. ಅಷ್ಟಮಿಯ ಭರತ ಹುಣ್ಣಿಮೆಯ ಗೆರೆಗಿಂತ ಮೂರೂವರೆ ಮೊಳ ಕೆಳಗೇ ನಿಂತುಬಿಡುತ್ತದೆ. ತಳವನ್ನು 5 ಮೊಳ ಕೆಳಗಿಡಿ. ಆಗ ಅಷ್ಟಮಿಗೂ ಒಂದೂವರೆ ಮೊಳ ನೀರು ಸಿಗುತ್ತದೆ.

ಇಳಿತ ಒಂದೇ ಸಮನೆ ಇಳಿಯುವುದಿಲ್ಲ. ಆರು ಗಂಟೆಗಳಲ್ಲಿ ಹನ್ನೆರಡು ಪಾಲಿನ ಲೆಕ್ಕ ಹೀಗೆ: 1, 2, 3, 3, 2, 1. ನಾವಿಕರು ಬಳಸುವ ಅಂದಾಜು ಇದೇ. ದೊಡ್ಡ ದಿನದಲ್ಲಿ ನಾಲ್ಕನೇ ಗಂಟೆ ಮುಗಿದಾಗಲೇ 9 ಮೊಳ ಅಂತರ ಬಿದ್ದಿರುತ್ತದೆ, ಮೂಳೆ ಕೂಡಿಸಬಹುದು. ಇನ್ನೆರಡು ಗಂಟೆ ಕಾದರೆ ಸಿಗುವುದು ಮೂರೇ ಮೊಳ. ಬಾಗಿಲಲ್ಲಿ ರೋಗಿ ನರಳುತ್ತಿರುವಾಗ, ಆಚೆ ದೋಣಿ ಬಂಡೆಗೆ ಸಿಕ್ಕಿರುವಾಗ ಇರುವ ಒಂದೇ ತೊಟ್ಟಿ ಯಾರಿಗೆ? ಕಥೆ ಅಲ್ಲಿದೆ. ನವಮಿಗೆ ಕಾಲು ಮುರಿದರೆ 9 ಮೊಳದ ಏರಿಳಿತ ಬರಲು ನಾಲ್ಕೈದು ದಿನ ಕಾಯಬೇಕು. ಯಾವ ಗುರುವಿನ ಕೃಪೆಯೂ ಅದನ್ನು ಕಡಿಮೆ ಮಾಡಬಾರದು. ಈ ಒಂದು ನಿಯಮ ಸಡಿಲಿಸಿದರೆ ಇಡೀ ವಿದ್ಯೆ ಸಡಿಲ.

ತೂಬನ್ನು ಒಂದು ಗಂಟೆ ಮುಂಚೆ ಮುಚ್ಚಿದರೆ ನಷ್ಟ ಹನ್ನೆರಡರಲ್ಲಿ ಒಂದೇ ಪಾಲು. ಎರಡು ಗಂಟೆ ಮುಂಚೆಯಾದರೆ ಮೂರು. ಕಲಿಯುವವರಿಗೆ ಅಷ್ಟು ಕ್ಷಮೆ ಇದೆ. ಕ್ಷಮೆಯಿಲ್ಲದ ತಪ್ಪು ಬೇರೆ: ಮಂತ್ರ ಮುಗಿದ ಮೇಲೆ ತೂಬು ಮುಚ್ಚದೆ ಬಿಡುವುದು. ಮುಂದಿನ ಭರತದ ನೀರು ಅದೇ ದಾರಿಯಲ್ಲಿ ಒಳನುಗ್ಗಿ ಕೊಟ್ಟಿದ್ದನ್ನು ವಾಪಸ್ ಒಯ್ಯುತ್ತದೆ, ಮಾಯ್ದ ಗಾಯ ಬಾಯಿಬಿಡುತ್ತದೆ. ಇನ್ನು ತೂಬೇ ಮುರಿದರೆ? 2024ರ ಆಗಸ್ಟ್ 10ರ ರಾತ್ರಿ ತುಂಗಭದ್ರಾ ಜಲಾಶಯದ 33 ಕ್ರಸ್ಟ್ ಗೇಟುಗಳಲ್ಲಿ 19ನೆಯದು ಚೈನ್ ತುಂಡಾಗಿ ಕೊಚ್ಚಿಹೋದದ್ದು ಈ ಭಾಗದ ಎಲ್ಲರಿಗೂ ನೆನಪಿದೆ. ಉಳಿದ ಗೇಟುಗಳನ್ನೂ ತೆರೆದು ಒತ್ತಡ ತಗ್ಗಿಸಿ, ಹರಿಯುವ ನೀರಿನಲ್ಲೇ ಸ್ಟಾಪ್‌ಲಾಗ್ ಎಂಬ ತಡೆಹಲಗೆಯ ತುಂಡುಗಳನ್ನು ಒಂದೊಂದಾಗಿ ಇಳಿಸಿ ಮುಚ್ಚಲು ಸುಮಾರು ಒಂದು ವಾರ ಹಿಡಿಯಿತು. ನಿಮ್ಮ ತೊಟ್ಟಿಯ ತೂಬಿನ ಮುಂದೆಯೂ ಹಲಗೆ ಇಳಿಸುವ ಜಾಡೊಂದನ್ನು ಕಲ್ಲಿನಲ್ಲೇ ಕೊರೆದಿಡಿ. ಮುರಿದ ದಿನ ಕೊರೆಯಲಾಗದು.

ಈ ವಿದ್ಯೆಯವಳು ಆನೆಗುಂದಿಗೆ ಬಂದರೆ? ಜಲಾಶಯದ ಉಬ್ಬರ ಕಣ್ಣಿಗೆ ಕಾಣದಷ್ಟು ಸಣ್ಣದು, ಗಾಳಿಯ ತೆರೆಯಲ್ಲೇ ಮುಚ್ಚಿಹೋಗುತ್ತದೆ. ಆದರೆ ಕಾಲಡಿಯ ಬಂಡೆ ಏಳುತ್ತದೆ, ನಿಜವಾಗಿಯೂ. ಚಂದ್ರನ ಎಳೆತಕ್ಕೆ ಗಟ್ಟಿ ಭೂಮಿಯೂ ದಿನಕ್ಕೆರಡು ಸಲ ಒಂದಡಿಯ ಆಸುಪಾಸು ಏರಿ ಇಳಿಯುತ್ತದೆ. ಕಡಲಿನಂತೆ ತಡವಿಲ್ಲ, ಚಂದ್ರ ನೆತ್ತಿಯಲ್ಲಿ ಅಥವಾ ನೇರ ಕಾಲಡಿಯಲ್ಲಿ ಇದ್ದಾಗಲೇ ಏರಿಕೆ. ಗುಡ್ಡ, ಗುಡಿ, ಗದ್ದೆ ಎಲ್ಲವೂ ಒಟ್ಟಿಗೆ ಏಳುವುದರಿಂದ ಅಂತರ ಬೀಳುವುದಿಲ್ಲ, ಅಂತರವಿಲ್ಲದೆ ಮಂತ್ರವಿಲ್ಲ.

ಒಂದು ದಾರಿ ಇದೆ, ಬೋರ್‌ವೆಲ್. ಮೇಲೆ ಬಂಡೆ ಮುಚ್ಚಿ ಒತ್ತಡದಲ್ಲಿರುವ ಅಂತರ್ಜಲಕ್ಕೆ ಕೊಳವೆ ಇಳಿದಿದ್ದರೆ, ಬಂಡೆ ಹಿಗ್ಗಿದಾಗ ಕೊಳವೆಯ ನೀರು ಕೆಲವು ಸೆಂಟಿಮೀಟರ್ ಇಳಿಯುವುದುಂಟು. ಒಂದು ಬೆರಳಗಲ ಅನ್ನೋಣ. 24 ಬೆರಳಗಲಕ್ಕೆ ಒಂದು ಮೊಳ. 3 ಮೊಳದ ಗಾಯ ಮಾಯಿಸಲು 72 ಬೋರ್‌ವೆಲ್ ಬೇಕು, ಅಂದರೆ ಊರಿಗೆ ಊರೇ ಒಪ್ಪಬೇಕು. ಪಂಪ್ ಓಡಿದರೆ ನೀರು ಮೀಟರ್‌ಗಟ್ಟಲೆ ಕೆಳಗಿಳಿದು ಬೆರಳಗಲದ ಲೆಕ್ಕ ಮುಳುಗುತ್ತದೆ. ಹುಣ್ಣಿಮೆಗೆ ಚಂದ್ರ ನೆತ್ತಿಗೆ ಬರುವುದು ನಡುರಾತ್ರಿ. ಆ ಊರಿಗೆ ತ್ರೀಫೇಸ್ ಕರೆಂಟ್ ರಾತ್ರಿ ಪಾಳಿಯಲ್ಲಿದ್ದರೆ ಆ ಹೊತ್ತು ಹೋಯಿತು. ಉಳಿಯುವುದು ಮರುದಿನದ ಮಧ್ಯಾಹ್ನ, ಚಂದ್ರ ಕಾಲಡಿಗೆ ಬರುವ ಗಳಿಗೆ. ಅದಕ್ಕೂ ಮೊದಲು ಪಂಪ್ ನಿಲ್ಲಿಸಿ ನೀರು ಮತ್ತೆ ಮಟ್ಟಕ್ಕೆ ಬರಲು ಬಿಡಬೇಕು. ಅಷ್ಟು ಹೊತ್ತು ಮೋಟಾರು ಆಫ್ ಇಡಿ ಎಂದು ಅವಳು 72 ಮನೆಗಳ ಬಾಗಿಲಿಗೆ ಹೋಗಿ ಕೇಳಬೇಕು.